ಬೆಕ್ಕಿಗೆ ಎರಡು ಭಾಷೆ

ಮುಳಬಾಗಿಲಿನ ಟೆಂಟ್ ಸಿನಿಮಾದಲ್ಲಿ ನನ್ನ ಸೋದರಮಾವನದು ಕತೆ ಹೇಳುವ ಕೆಲಸ. ಮೂಕಿ ಚಿತ್ರಗಳ ಕಾಲ. ಪರದೆಯ ಪಕ್ಕ ನಿಂತು, ನಡೆಯುವುದನ್ನೆಲ್ಲ ಮೊದಲು ಕನ್ನಡದಲ್ಲಿ, ಆಮೇಲೆ ತೆಲುಗಿನಲ್ಲಿ ಕೂಗಿ ಹೇಳಬೇಕು. ಒಂದನ್ನು ಬಿಟ್ಟರೆ ಅರ್ಧ ಟೆಂಟು ಮುನಿಸಿಕೊಳ್ಳುತ್ತಿತ್ತು. ಅಂಥ ಬಾಯಿಯವನಿಗೆ ದೇವರು ಹುಟ್ಟುಕಿವುಡಿ ಹೆಂಡತಿಯನ್ನು ಕೊಟ್ಟಿದ್ದ. ದೇವರಿಗೂ ತಮಾಷೆ ಬೇಕಲ್ಲ. ಅತ್ತೆಗೆ ಮಾತೂ ಇಲ್ಲ; ಮನೆಯಲ್ಲಿ ಎಲ್ಲವೂ ಕೈಸನ್ನೆಯಲ್ಲೇ.

ಅಷ್ಟರಲ್ಲಿ ಟಾಕಿ ಬಂತು. ಪರದೆಯೇ ಮಾತಾಡತೊಡಗಿದ ಮೇಲೆ ಮಾವನನ್ನು ಯಾರು ಕೇಳಬೇಕು? ಆದರೆ ದೊಡ್ಡ ಚಿತ್ರಕ್ಕೆ ಮುಂಚೆ, ಬರೆದ ಗೊಂಬೆಗಳೇ ಓಡಾಡುವ ಪುಟ್ಟ ಚಿತ್ರವೊಂದನ್ನು ಹಾಕುತ್ತಿದ್ದರು. ಡೊಳ್ಳುಹೊಟ್ಟೆಯ ಬೆಕ್ಕು, ಅದಕ್ಕೆ ಸಿಗದ ಕೋಳಿಮರಿ. ಮಾತೇ ಇಲ್ಲ. "ಇದಕ್ಕಾದ್ರೂ ನೀನು ಬೇಕಾಗ್ತೀಯೇನೋ, ಒಂದಿನ ನೋಡೋಣ" ಎಂದರು ಟೆಂಟಿನ ಸಾಹುಕಾರರು. ಇದೂ ಹೋದರೆ ಮಾವನಿಗೆ ಬೇರೆ ಕೆಲಸ ಗೊತ್ತಿರಲಿಲ್ಲ. ಮದುವೆಯ ಪಂಚೆ ಉಟ್ಟು ಹೊರಟ. ಅತ್ತೆಯೂ ನಾನೂ ಹೆಂಗಸರ ಕಡೆ ಕೂತೆವು.

"ಮಹಾಜನಗಳೇ, ದುರಾಸೆಯ ಈ ಮಾರ್ಜಾಲವು ಈಗ ಬಾವಿಕಟ್ಟೆಯ ಮೇಲೆ ಹೊಂಚು ಹಾಕುತ್ತಿದೆ" ಎಂದು ಕನ್ನಡ ಮುಗಿಸಿ ಮಾವ ತೆಲುಗಿಗೆ ಬರುವಷ್ಟರಲ್ಲಿ ಬೆಕ್ಕು ಬಾವಿಗೆ ಬಿದ್ದು, ಎದ್ದು, ಮೈ ಒದರಿಕೊಂಡಾಗಿತ್ತು. ಎಲ್ಲರಿಗಿಂತ ಮೊದಲು ನಕ್ಕವಳು ನಮ್ಮ ಅತ್ತೆ. ತನ್ನ ನಗು ಎಷ್ಟು ಜೋರೆಂದು ಅವಳಿಗೇನು ಗೊತ್ತು? ಅದನ್ನು ಕೇಳಿ ಹೆಂಗಸರು ನಕ್ಕರು, ಹೆಂಗಸರ ನಗು ಕೇಳಿ ಗಂಡಸರೂ ನಕ್ಕರು. "ಯೋವ್, ಕಾಣಿಸ್ತಾ ಐತೆ, ಸುಮ್ಕಿರಯ್ಯ" ಎಂದು ಹಿಂದಿನಿಂದ ಯಾರೋ ಕೂಗಿದರು. ಮಾವ ಬಿಡುವವನೇ? ಮೇಲೆದ್ದ ಬೆಕ್ಕನ್ನು ತೆಲುಗಿನಲ್ಲಿ ಇನ್ನೊಮ್ಮೆ ಬಾವಿಗೆ ಹಾಕಿದ.

ಬೆಳಗ್ಗೆ ಸಾಹುಕಾರರೇ ಮನೆ ಬಾಗಿಲಿಗೆ ಬಂದರು. "ಬೇಜಾರು ಮಾಡ್ಕೋಬೇಡ ಕಣಯ್ಯ. ಇನ್ಮೇಲೆ ನೀನು ಬರೋದ್ ಬೇಡ. ನಿನ್ ಹೆಂಡ್ತೀನ ಮಾತ್ರ ದಿನಾ ಕಳ್ಸು, ಟಿಕೀಟು ಕೇಳಲ್ಲ" ಎಂದು ಹೇಳಿ ಹೊರಟುಹೋದರು.

ಅತ್ತೆ ಒಲೆಯ ಮುಂದಿನಿಂದ ಎದ್ದು ಬಂದು, ಏನಂತೆ ಎಂದು ಸನ್ನೆ ಮಾಡಿದಳು. ಎರಡು ಭಾಷೆಯ ಮಾವ ಪಂಚೆ ಎತ್ತಿ ಕಟ್ಟಿದ. ಆಮೇಲೆ ಟೆಂಟಿನ ಕಡೆ ಕೈ ತೋರಿಸಿ, ತನ್ನ ಕತ್ತನ್ನು ತಾನೇ ಹಿಡಿದು ದಬ್ಬಿಕೊಂಡು, ಮುಗ್ಗರಿಸಿ ಬಿದ್ದು ತೋರಿಸಿದ. ಅತ್ತೆ ಅದನ್ನು ಬೆಕ್ಕಿನ ಆಟವೆಂದುಕೊಂಡು ಬಿದ್ದು ಬಿದ್ದು ನಕ್ಕಳು. ಇನ್ನೊಂದು ಸಲ ಎಂದು ಬೆರಳೆತ್ತಿದಳು.

ಮಾವ ಇನ್ನೊಂದು ಸಲ ಬಿದ್ದ.