ಕೆನೆಬಣ್ಣದ ಮಖಮಲ್ಲು

ಸಿರಿವಂತರ ಮದುವೆ ಗೌನುಗಳನ್ನು ಒಂದೊಂದಾಗಿ ಕೈಯಲ್ಲೇ ಹೊಲಿಯುವ ಆ ಅಂಗಡಿಯ ಮಹಡಿಯಲ್ಲಿ ಎಲ್ಲರೂ ಅವಳನ್ನು ಮಾಸ್ಟರಮ್ಮ ಎನ್ನುತ್ತಿದ್ದರು. ಆಳೆತ್ತರದ ಗೊಂಬೆಯ ಮೈಗೆ ಒರಟು ಹತ್ತಿಬಟ್ಟೆ ಸುತ್ತಿ, ಪಿನ್ನು ಚುಚ್ಚಿ, ಗೆರೆ ಎಳೆದು, ಬಿಚ್ಚಿ, ಕಾಗದದ ಪ್ಯಾಟರ್ನಿಗೆ ಇಳಿಸುವುದು ಅವಳ ಕೆಲಸ. ಕೊನೆಗೆ ಅಸಲಿ ಬಟ್ಟೆಗೆ ಕತ್ತರಿ ಹಾಕುವವಳೂ ಅವಳೇ. ಗಂಡ ತೀರಿಕೊಂಡ ಮೇಲೆ ಸಂಸಾರ ಎಳೆದದ್ದು ಆ ಕತ್ತರಿ. "ಮಾತು ಆಡಿದರೆ ಹೋಯ್ತು, ಮುತ್ತು ಒಡೆದರೆ ಹೋಯ್ತು, ಬಟ್ಟೆ ಕೆಟ್ಟರೆ ನಾನೇ ಹೋದೆ" ಎಂದು ನಗಿಸುತ್ತಿದ್ದವಳು ಈಚೆಗೆ ನಗುವುದನ್ನೇ ಬಿಟ್ಟಿದ್ದಳು.

ಬೆರಳುಗಳು ಮರಗಟ್ಟುತ್ತಿದ್ದವು. ಮೊದಲು ತುದಿ, ಆಮೇಲೆ ಅಂಗೈ. ಬಾಯಿಬಿಟ್ಟರೆ ಕತ್ತರಿ ಬೇರೆಯವರ ಪಾಲಾಗುತ್ತದೆಂದು ಹೆದರಿ ಯಾರಿಗೂ ಹೇಳಿರಲಿಲ್ಲ.

ಇವತ್ತು ಮೇಜಿನ ಮೇಲೆ ಕೆನೆಬಣ್ಣದ ಮಖಮಲ್ಲು. ಅದಕ್ಕೂ ಬೆಕ್ಕಿನ ಮೈಯಂತೆ ರೋಮವುಂಟು. ಒಂದು ಕಡೆಗೆ ಸವರಿದರೆ ನುಣುಪು, ಎದುರು ದಿಕ್ಕಿಗೆ ಸವರಿದರೆ ತಡೆಯುತ್ತದೆ. ಒಂದು ತುಂಡು ತಲೆಕೆಳಗಾದರೂ ತೊಟ್ಟಾಗ ಅದರ ಬಣ್ಣವೇ ಬೇರೆ ಕಾಣುತ್ತದೆ. ತಪ್ಪಿದರೆ ಬೇರೆ ಕತ್ತರಿಸಲು ಗೇಣು ಬಟ್ಟೆಯೂ ಮಿಗುತ್ತಿರಲಿಲ್ಲ. ಇಷ್ಟು ತಿಳಿಬಣ್ಣದಲ್ಲಿ ಕಣ್ಣನ್ನು ನಂಬುವಂತಿಲ್ಲ, ಕೈಯೇ ಹೇಳಬೇಕು. ಅವಳು ಕೆಳಗೆ ಸವರಿದಳು, ಮೇಲೆ ಸವರಿದಳು. ಎರಡೂ ಒಂದೇ. ಇನ್ನೊಮ್ಮೆ ಸವರಿದರೂ ಅಷ್ಟೇ.

ಹೊಲಿಗೆಗೆ ಕೂತಿದ್ದ ನಾದಿನಿ ಆ ಕಡೆ ತಿರುಗಿದ್ದಳು. ಮಾಸ್ಟರಮ್ಮ ಮೆಲ್ಲನೆ ಬಾಗಿ ಬಟ್ಟೆಗೆ ಕೆನ್ನೆ ಉಜ್ಜಿದಳು. ಕೆನ್ನೆಗೆ ಗೊತ್ತಾಯಿತು. ಹೋದ ಜೀವ ಬಂದಂತಾಗಿ, ಕಾಗದಗಳನ್ನಿಟ್ಟು ಪಿನ್ನು ಚುಚ್ಚಿ, ಬೆನ್ನು, ಎದೆಭಾಗ, ತೋಳು ಎಲ್ಲವನ್ನೂ ಕತ್ತರಿಸಿ ಮುಗಿಸಿದಳು. ಒಂದೂ ಅಡ್ಡ ಹೋಗಿರಲಿಲ್ಲ.

"ಅತ್ತಿಗೆ, ಹೆಬ್ಬೆರಳು ನೋಡ್ಕೊಳ್ಳಿ." ನಾದಿನಿ ಪಕ್ಕಕ್ಕೆ ಬಂದಿದ್ದಳು.

ಎಡ ಹೆಬ್ಬೆರಳಲ್ಲಿ ಪಿನ್ನೊಂದು ತನ್ನ ಗುಂಡುತಲೆಯವರೆಗೂ ಇಳಿದಿತ್ತು. ಎದೆಭಾಗದ ತುಂಡಿನ ನಟ್ಟನಡುವೆ ಕೆಂಪು ಹನಿ.

ಯಾರ ರಕ್ತವೋ ಅವರ ಎಂಜಲಿಗೇ ಕಲೆ ಬಿಡುತ್ತದೆ ಎಂಬುದು ಹೊಲಿಯುವವರಿಗೆಲ್ಲ ಗೊತ್ತು. ನಾದಿನಿ ಬಿಳಿ ದಾರ ಕಿತ್ತು ಅವಳ ಬಾಯಿಗಿಟ್ಟಳು. "ಬೇಗ ಅಗೀರಿ, ಒದ್ದೆ ದಾರದಿಂದ ಕಲೆ ಒತ್ತಿ ತೆಗೆಯೋಣ. ಯಜಮಾನಿ ಮೆಟ್ಟಿಲು ಹತ್ತುತಿದಾರೆ."

ಅಗಿದಳು. ಮತ್ತೂ ಅಗಿದಳು. ಭಯಕ್ಕೆ ನಾಲಿಗೆಯ ಪಸೆಯೇ ಆರಿಹೋಗಿತ್ತು. ದಾರ ಹೋದಷ್ಟೇ ಒಣಗಿ ಹೊರಬಂತು.

"ಇಷ್ಟು ಆಳ ಹೋಗಿದೆಯಲ್ಲ, ನೋವೇ ಆಗ್ಲಿಲ್ವಾ ಅತ್ತಿಗೆ?"

ಹೆಜ್ಜೆ ಸಪ್ಪಳ ಬಾಗಿಲಲ್ಲಿ ನಿಂತಿತು. ಮಾಸ್ಟರಮ್ಮ ಕತ್ತರಿಯನ್ನು ಮೇಜಿನ ಮೇಲಿಟ್ಟಳು.

"ಇಲ್ಲ ಕಣೆ" ಎಂದಳು, ಬಾಗಿಲಲ್ಲಿದ್ದವರಿಗೂ ಕೇಳುವಂತೆ. "ಗೊತ್ತೇ ಆಗ್ಲಿಲ್ಲ."