ಫೋನು ಮಗುಚಿಟ್ಟ ಮೇಲೆ

ಬಸವಕಲ್ಯಾಣಕ್ಕೆ ಬಂದ ಮರುದಿನ ಬೆಳಿಗ್ಗೆ ಮನೆಯೊಡತಿ ಬಾಗಿಲಿಗೆ ಬಂದು ಏನೋ ಕೇಳಿದರು. ಉತ್ತರಿಸುವ ಬದಲು ನಾನು ಅವರ ಬಾಯಿಯ ಮುಂದೆ ಫೋನು ಹಿಡಿದೆ. ಅವರು ಬೆದರಿ ಹಿಂದೆ ಸರಿದರು. ಅವರಾಡಿದ ದಖನಿ ಉರ್ದುವನ್ನು ಫೋನು ಪುಸ್ತಕದ ಕನ್ನಡದಲ್ಲಿ ಹೇಳಿತು: "ನೀವು ಚಹಾ ಸೇವಿಸುವಿರಾ?" ಕರ್ನಾಟಕದ ಒಂದೂರಿನಿಂದ ಇನ್ನೊಂದೂರಿಗೆ ಬಂದವಳಿಗೆ ದುಭಾಷಿ ಬೇಕಾಗಿತ್ತು!

ನಾನು ಕುಂದಾಪುರದವಳು. ಹುಮನಾಬಾದಿನ ಕಣ್ಣಿನ ಆಸ್ಪತ್ರೆಯಲ್ಲಿ ಕನ್ನಡಕದ ನಂಬರು ನೋಡುವ ಕೆಲಸ. ಬಾಡಿಗೆ ಕೋಣೆ ಸಿಕ್ಕಿದ್ದು ಬಸವಕಲ್ಯಾಣದಲ್ಲಿ, ಮೆಹರುನ್ನಿಸಾ ಅವರ ಮನೆಯ ಮಹಡಿಯಲ್ಲಿ. ಅವರನ್ನು 'ಖಾಲಾ', ಅಂದರೆ ಚಿಕ್ಕಮ್ಮ ಎಂದು ಕರೆಯಲು ಕಲಿಸಿದ್ದೂ ಫೋನೇ. ಗಂಜಿ, ಮೀನುಸಾರಿನ ಹೊಟ್ಟೆ ಜೋಳದ ರೊಟ್ಟಿ, ಪುಂಡಿಪಲ್ಯಕ್ಕೆ ನಿಧಾನವಾಗಿ ಒಗ್ಗಿತು. ಮಾತನ್ನು ಮಾತ್ರ ಕಲಿಯಲಿಲ್ಲ, ಫೋನು ಇತ್ತಲ್ಲ.

ಆದರೆ ನೀರು, ಕರೆಂಟು, ಬೀಗದ ಕೈ, ಇಷ್ಟಕ್ಕೇ ಮಾತು ನಿಲ್ಲುತ್ತಿತ್ತು. ಫೋನಿನ ಮುಂದೆ ಯಾರೂ ಹರಟುವುದಿಲ್ಲ. ಊರಲ್ಲಾದರೆ ಮೀನು ಕೊಳ್ಳುವಾಗಲೂ ಅರ್ಧ ಗಂಟೆ ಮಾತು. ಇಲ್ಲಿ ಎಲ್ಲವೂ ಅರ್ಥವಾಗುತ್ತಿದ್ದರೂ ನಾನು ಒಂಟಿ.

ಹೀಗಿರುವಾಗ ಚಿಟಗುಪ್ಪದಲ್ಲಿದ್ದ ಖಾಲಾರ ಅಕ್ಕ ತೀರಿಕೊಂಡರು. ಖಾಲಾ ಅಲ್ಲಿಂದ ಮರಳಿದ ಸಂಜೆ ಕೆಳಗಿಳಿದು ಹೋದೆ. ಚಾಪೆಯ ಮೇಲೆ ನೆರೆಯ ಹೆಂಗಸರು ಕೂತಿದ್ದರು. ನಾನು ಟೈಪ್ ಮಾಡಿದ ಸಾಂತ್ವನವನ್ನು ಫೋನು ಸೊಗಸಾದ ಉರ್ದುವಿನಲ್ಲಿ ಗಟ್ಟಿಯಾಗಿ ಓದಿತು. ಹೆಂಗಸರು ನನ್ನನ್ನು ಬಿಟ್ಟು ಫೋನನ್ನೇ ನೋಡಿದರು.

ಖಾಲಾ ಕೈಚಾಚಿ ಫೋನನ್ನು ಮಗುಚಿಟ್ಟು, ಅವರ ಬಾಯಲ್ಲಿ ನಾನು ಎಂದೂ ಕೇಳಿರದ ಕನ್ನಡದಲ್ಲಿ ಹೇಳಿದರು: "ಅದರ ಕಡಿಂದ ಯಾಕ ಅನಸಾಕತ್ತಿ ಬೇಟಿ? ನೀನೇ ಅನ್ನು. ತಪ್ಪಾದ್ರ ಆಗಲಿ."

ತಡವರಿಸಿದೆ. ಕೊನೆಗೆ ಬಂದದ್ದು ನನ್ನೂರಿನ ಮಾತೇ. "ಎಂತ ಹೇಳ್ಕ್ ಅಂದೇಳಿ ಗೊತ್ತಾತಿಲ್ಲೆ, ಖಾಲಾ."

ಅವರಿಗೆ ಎಷ್ಟು ತಿಳಿಯಿತೋ, ನನ್ನ ಕೈ ಹಿಡಿದು ಅತ್ತರು. ಆಮೇಲೆ ಅಕ್ಕನ ಕಥೆ ಶುರು ಮಾಡಿದರು. "ನಮ್ಮ ಆಪಾ ಭಾಳ ಹಟಮಾರಿ. ಸೈಕಲ್ ಕಲೀತೀನಿ ಅಂತ ಅಬ್ಬಾ, ಅಂದ್ರ ನಮ್ಮಪ್ಪನ ಜೋಡಿ ಜಗಳಾಡಿದ್ಳು, ಕಲತೂ ಬಿಟ್ಳು!" ತಿಳಿಯದ ಕಡೆ ನಾನು ತಡೆದು ಕೇಳಿದೆ. ಕೇಳಿದಷ್ಟೂ ಅವರು ಹೇಳಿದರು.

ಯಂತ್ರ ತಪ್ಪು ಹೇಳಿರಲಿಲ್ಲ. ಆದರೆ ನಾನು ತಡವರಿಸಲು ಅದು ಬಿಟ್ಟಿರಲಿಲ್ಲ. ತಡವರಿಸುವವರಿಗಾಗಿ ಜನ ಕಾಯುತ್ತಾರೆ, ಹತ್ತಿರ ಸರಿಯುತ್ತಾರೆ ಎಂಬುದು ಆ ಚಾಪೆಯ ಮೇಲೆ ತಿಳಿಯಿತು. ಈಗ ಆಸ್ಪತ್ರೆಗೆ ಬೇಮಳಖೇಡದ ಅಜ್ಜಿ ಬಂದು "ಮಬ್ಬ ಕಾಣಾಕತ್ತದ್ರಿ" ಎಂದರೆ, "ಯಾವಾಗಿಂದ್ರಿ?" ಎಂದು ನಾನೇ ಕೇಳುತ್ತೇನೆ. ಔಷಧಿಯ ವಿಷಯದಲ್ಲಿ ಅನುಮಾನ ಬಂದರೆ ಮಾತ್ರ ಫೋನು ತೆಗೆಯುತ್ತೇನೆ.

ಇತ್ತೀಚೆಗೆ ಕುಂದಾಪುರದ ಗೆಳತಿ ಸುಜಾತಳ ಅಪ್ಪ ಹೋದರು. ಫೋನಿಗೆ ಬಂದ ಸುದ್ದಿಯ ಕೆಳಗೇ ಸಂತಾಪದ ಸಾಲುಗಳು ತಯಾರಾಗಿದ್ದವು, ಒಂದನ್ನು ಒತ್ತಿದರೆ ಸಾಕು. ಒತ್ತಲಿಲ್ಲ, ಕರೆ ಮಾಡಿದೆ. ಅವಳು ಹೆಸರು ನೋಡದೆ ಎತ್ತಿದಳು.

"ಹ್ಯಾಂಗ ಅದಿ ಸುಜಾತಾ?" ಎಂದುಬಿಟ್ಟೆ.

ಅಳು ತಡೆದು ಅವಳು ಕೇಳಿದಳು: "ಯಾರ್ ಮಾತಾಡೂದ್?"

ಹೆಸರು ಹೇಳಿದ ಮೇಲೆ ಮತ್ತೆ ಅತ್ತಳು. ಅವಳನ್ನು ಯಾವ ಊರಿನ ಮಾತಿನಲ್ಲಿ ಸಮಾಧಾನ ಮಾಡುವುದೆಂದು ತಿಳಿಯದೆ ನಾನೂ ಅತ್ತೆ.