ಭಾನುವಾರ ಸಂಜೆಯ ಅಪ್ಪ

ಐರ್ಲೆಂಡಿನ ಡನ್ ಲಿಯರಿ ಊರಲ್ಲಿ ನಾನು ನೋಡ್ಕೊಳ್ತಿರೋ ತಾತನ ಹೆಸರು ಎಸ್ಕಿಲ್. ಬೆಳಗ್ಗೆ ಹೋಗಿ ಸ್ನಾನ ಮಾಡ್ಸಿ, ಗಂಜಿ ಕುಡಿಸಿ, ಬಂದರಿನ ಕಟ್ಟೆ ಮೇಲೆ ಒಂದಿಷ್ಟು ನಡೆಸಿ ಕರ್ಕೊಂಡು ಬರೋದು ನನ್ನ ಕೆಲಸ. ಇಲ್ಲಿ ಅವರನ್ನ ಒಂದು ನರಪಿಳ್ಳೆನೂ ತಿರುಗಿ ನೋಡಲ್ಲ. ಡೆನ್ಮಾರ್ಕಲ್ಲಿ ಮಾತ್ರ ಬೀದಿಗಿಳಿದ್ರೆ ಜನ ಮುತ್ಕೋತಿದ್ರಂತೆ! ಅಲ್ಲಿನ ಟೀವಿ ಧಾರಾವಾಹಿಯೊಂದರಲ್ಲಿ ವರ್ಷಾನುಗಟ್ಟಲೆ ಇವರದು ಸೈಕಲ್ ಅಂಗಡಿ ಇಟ್ಕೊಂಡಿರೋ ಅಪ್ಪನ ಪಾತ್ರ. ಭಾನುವಾರ ಸಂಜೆ ದೇಶಕ್ಕೆ ದೇಶವೇ ಟೀವಿ ಮುಂದೆ. ಚಿಕ್ಕೋರು ದೊಡ್ಡೋರು ಎಲ್ಲಾ ಇವರನ್ನ 'ಫಾರ್' ಅಂತಲೇ ಕರೀತಿದ್ರಂತೆ. ಫಾರ್ ಅಂದ್ರೆ ಅವರಲ್ಲಿ ಅಪ್ಪ.

ವಯಸ್ಸಾದ್ಮೇಲೆ ನೂಲಾ ಅನ್ನೋ ಐರಿಷ್ ಹೆಂಗಸನ್ನ ಎರಡನೇ ಮದ್ವೆಯಾಗಿ ಇಲ್ಲಿಗೆ ಬಂದ್ರು. ಆಕೆ ಹೋದ ವರ್ಷ ತೀರ್ಕೊಂಡ್ರು. ಅಷ್ಟೊತ್ತಿಗೆ ತಾತನಿಗೆ ಮರೆವು ಹಿಡಿದಿತ್ತು. ವಿಷಯ ಹೇಳಿದ್ರೆ, ಇಲ್ಲಿನೋರು ಎಲ್ಲದಕ್ಕೂ ಅನ್ನೋ ಹಾಗೆ, "ಗ್ರ್ಯಾಂಡ್", ಅಂದ್ರೆ ಸರಿ, ಚೆನ್ನಾಗಿದೆ, ಅಂದು ಕಿಟಕಿ ಕಡೆ ತಿರುಗಿದ್ರು. ಅಳಲಿಲ್ಲ, ಏನಿಲ್ಲ. ನಂಗೂ ಅಳು ಬರಲಿಲ್ಲ. ಈ ಕೆಲಸ ಮಾಡೀ ಮಾಡೀ ಒಳಗೆಲ್ಲ ಮರಗಟ್ಟಿ ಹೋಗಿದೆ.

ಮೊದಲನೇ ದಿನ ಕಾಫಿ ಕೊಟ್ರೆ "ತಕ್" ಅಂದ್ರು. ತಕೋ ಅಂತಿದಾರೆ ಅಂದ್ಕೊಂಡು ಕಪ್ ವಾಪಸ್ ತಕೊಂಡೆ. ಮತ್ತೆ ಕೊಟ್ಟೆ, ಮತ್ತೆ "ತಕ್". "ಅಯ್ಯೋ ಶಿವನೇ, ಕುಡೀತೀರೋ ಇಲ್ವೋ!" ಅಂತ ಕನ್ನಡದಲ್ಲೇ ರೇಗಿದೆ. ಅದು ಅವರ ಭಾಷೇಲಿ ಥ್ಯಾಂಕ್ಸ್ ಅಂತ ಹೇಳಿಕೊಟ್ಟಿದ್ದು ಫೋನಲ್ಲಿ ಅವರ ಮಗಳು ಇಂಗಾ. ಮೊದಲ ಹೆಂಡತಿ ಮಗಳು, ಕೋಪನ್‌ಹೇಗನ್ನಲ್ಲಿ ಟೀಚರ್.

ಹೋದ ವಾರ ಆಕೇನೇ ಬಂದಿದ್ಲು. "ಅಪ್ಪ ಯಾವಾಗ್ಲೂ ಶೂಟಿಂಗು. ನಾನೂ ಊರೋರ ಥರಾನೇ ಭಾನುವಾರ ಟೀವಿಯಲ್ಲೇ ಅವರನ್ನ ನೋಡ್ತಿದ್ದೆ" ಅಂದ್ಲು. "ಒಂದೇ ಒಂದ್ಸಲ ನನ್ನ ಹೆಸರು ಹಿಡಿದು ಕರೆದ್ರೆ ಸಾಕು ವಿನೋದಿನಿ. ಇನ್ನೇನೂ ಬೇಡ."

ತಾತನ ಕುರ್ಚಿ ಪಕ್ಕ ಕೂತು "ಫಾರ್" ಅಂತ ಕರೆದ್ಲು. ತಾತ ತಟ್ಟನೆ ತಲೆ ಎತ್ತಿದ್ರು. ಮುಖದ ತುಂಬಾ ನಗು! ಇಷ್ಟು ದಿನದಲ್ಲಿ ಅಂಥ ನಗು ನಾನು ಕಂಡೇ ಇರಲಿಲ್ಲ. ಇಂಗಾ ಅವರ ಕೈ ಹಿಡ್ಕೊಳ್ಳೋಕೆ ಹೋದ್ಲು. ಅವರು ಕೈ ಬಿಡಿಸ್ಕೊಂಡು, ಮೇಜಿನ ಮೇಲಿದ್ದ ಪೇಪರ್ ನ್ಯಾಪ್ಕಿನ್ ಎಳ್ಕೊಂಡು, ನನ್ನ ಹತ್ರ ಪೆನ್ ಕೇಳಿದ್ರು. ಆಟೋಗ್ರಾಫ್ ಕೊಡೋಕೆ. ಆಮೇಲಿನ ಮಾತೆಲ್ಲ ಅವರ ಭಾಷೇಲಿ. ಇಂಗಾ ಸ್ಟೇಷನ್ ದಾರೀಲಿ ನಂಗೆ ಹೇಳಿದ್ದನ್ನ ಇಲ್ಲೇ ಹೇಳಿಬಿಡ್ತೀನಿ.

"ಯಾರ ಹೆಸರಿಗೆ ಬರೀಲಮ್ಮ?"

"ಇಂಗಾ."

"ಇಂಗಾ," ಅಂದ್ರು ತಾತ, ಬರೀತಾ. "ಚೆನ್ನಾಗಿದೆ. ಯಾರಮ್ಮ ಇಟ್ಟಿದ್ದು?"

"ನಮ್ಮಪ್ಪ."

ತಾತ ನ್ಯಾಪ್ಕಿನ್ ಅವಳ ಕೈಗೆ ಕೊಟ್ರು. "ನಿಮ್ಮಪ್ಪನ್ನ ಕೇಳಿದೆ ಅಂತ ಹೇಳಮ್ಮ," ಅಂದ್ರಂತೆ.